ಗುಹೇಶ್ವರನಿಗೆ ಕೀಬೋರ್ಡ್ ಮೈಲಿಗೆಯೇ?

ಶಿಕಾರಿಪುರ ತಾಲೂಕಿನ ಬಳ್ಳಿಗಾವಿ ‘ಗುಹೇಶ್ವರ’ ಅಂಕಿತದ ಅಲ್ಲಮನ ಊರು, ಉಡುತಡಿ ಅಕ್ಕಮಹಾದೇವಿಯದು. ಇವರ ವಚನಗಳು ಇಂದು ಸಿಂಥಸೈಜರ್, ರಿದಂ ಪ್ಯಾಡ್‌ಗಳೊಂದಿಗೆ ಕೇಳಿಬಂದರೆ, ಸೊರಬದ ಚಂದ್ರಗುತ್ತಿಯಂಥ ಕ್ಷೇತ್ರದ ದೇವಿಯನ್ನು ಡಿಸ್ಕೊ ಲಯದಲ್ಲಿ ಹಾಡಿದರೆ, ಮುಖ ಸಿಂಡರಿಸುವವರಿದ್ದಾರೆ. ಉಸಿರು ತಾಗದ, ತಂತಿ ಮಿಡಿಯದ ನಾದ ಭಕ್ತಿಗೆ ಸಲ್ಲದು ಎಂಬುದು ಅವರ ವಾದ. ಆದರೆ ಹರಿಹರನ ರಗಳೆಯಲ್ಲಿ ಅಲ್ಲಮ ಮದ್ದಳೆಗಾರ. ಮದ್ದಳೆಯೆಂದರೆ ಸತ್ತ ಪ್ರಾಣಿಯ ತೊಗಲು. ಮಡಿಯ ಲೆಕ್ಕದಲ್ಲಿ ಅದಕ್ಕಿಂತ ಮೈಲಿಗೆ ಯಾವುದು? ಗುಡಿ ಆ ತೊಗಲನ್ನು ಒಳಗೆ ಕರೆದುಕೊಂಡಿತು. (ಹದ ಮಾಡಿದವನನ್ನು ಹೊರಗೇ ನಿಲ್ಲಿಸಿತು, ಅದು ಬೇರೆ ಮಾತು.) ಬಸವಣ್ಣನಾದರೋ ತನ್ನ ದೇಹವನ್ನೇ ವಾದ್ಯ ಮಾಡಿಕೊಳ್ಳೆಂದು ದೇವರನ್ನು ಬೇಡಿದ. ಪಾವಿತ್ರ್ಯ ವಾದ್ಯದ ಕಚ್ಚಾವಸ್ತುವಿನಲ್ಲಿದೆ ಎಂದು ಶರಣರು ಒಪ್ಪುತ್ತಿದ್ದರೆಂದು ನನಗನಿಸುವುದಿಲ್ಲ.

ತೊಗಲಿಗೆ, ತಂತಿಗೆ ಪರಂಪರೆಯ ಬಲವಿದೆ, ಯಂತ್ರಕ್ಕೇನಿದೆ ಎಂದು ಕೇಳಬಹುದು. ಇಂದು ಭಜನೆಗೆ ಹಾರ್ಮೋನಿಯಂ ಇಲ್ಲದಿದ್ದರೆ ನಡೆಯದು. ಅದಕ್ಕೆ 1842ರಲ್ಲಿ ಪ್ಯಾರಿಸ್ಸಿನಲ್ಲಿ ಪೇಟೆಂಟ್ ಸಿಕ್ಕಿತು. ನಮ್ಮ ಸಂಗೀತದ ಗಮಕ, ಮೀಂಡ್‌ಗಳು ಅದಕ್ಕೆ ದಕ್ಕವೆಂದು 1940ರಲ್ಲಿ ಆಕಾಶವಾಣಿ ಅದನ್ನು ಬಹಿಷ್ಕರಿಸಿತು; ನಿಷೇಧ ಸಡಿಲವಾದದ್ದು 1971ರಲ್ಲಿ. ಸಿಂಥಸೈಜರಿನ ಕಥೆ ಇನ್ನೂ ಸ್ವಾರಸ್ಯದ್ದು. 1982ರಲ್ಲಿ ಸಂಗೀತಗಾರ ಚರಣ್‌ಜಿತ್ ಸಿಂಗ್ ರೋಲ್ಯಾಂಡ್ ಕಂಪನಿಯ ಯಂತ್ರಗಳ ಮೇಲೆ ಹತ್ತು ರಾಗಗಳನ್ನು ಡಿಸ್ಕೊ ಲಯಕ್ಕೆ ಕೂರಿಸಿದಾಗ ಕೇಳಿದವರು ವಿರಳ. 2010ರಲ್ಲಿ ಆ ಆಲ್ಬಂ ಮರುಬಿಡುಗಡೆಯಾದ ಮೇಲೆ ಜಗತ್ತೇ ಬೆರಗಾಯಿತು. ಅಂದು ಕೃತಕವೆನಿಸಿದ ಎಂಬತ್ತರ ದಶಕದ ಆ ಸದ್ದನ್ನೇ ಸಿಂಥ್‌ವೇವ್‌ನಂಥ ಇಂದಿನ ಪ್ರಕಾರಗಳು ಹಂಬಲದಿಂದ ಮರುಸೃಷ್ಟಿಸುತ್ತಿವೆ. ನಾವು ಅಸಲಿ ಎನ್ನುವುದರಲ್ಲಿ ಹೆಚ್ಚಿನ ಪಾಲು ಕಿವಿಯ ರೂಢಿ.

ಹಾಗಿದ್ದರೆ ಎಲ್ಲವೂ ಸಲ್ಲುತ್ತದೆಯೇ? ಇಲ್ಲ. ಆಕ್ಷೇಪಿಸುವವರ ಕಸಿವಿಸಿಯಲ್ಲಿ ಒಂದು ನಿಜವಿದೆ, ಆದರೆ ಅವರು ಬೆರಳು ತೋರಿಸುವುದು ತಪ್ಪು ಕಡೆಗೆ. ವಚನಕ್ಕೆ ಕಟ್ಟುನಿಟ್ಟಾದ ಛಂದಸ್ಸಿಲ್ಲ. ಸಾಲು ಉದ್ದವಾಗುತ್ತದೆ, ತಟ್ಟನೆ ತುಂಡಾಗುತ್ತದೆ, ಅಲ್ಲಮನಲ್ಲಂತೂ ಪ್ರಶ್ನೆ ಕೇಳಿ ಉತ್ತರಿಸದೆ ನಿಲ್ಲುತ್ತದೆ. ಮದ್ದಳೆಯವನು ಹಾಡುವವನ ಮುಖ ನೋಡಿ ಕೈ ತಡೆಯಬಲ್ಲ. ಮೊದಲೇ ತುಂಬಿಟ್ಟ ರಿದಂ ತಡೆಯದು. ವಚನವೇ ಅದರ ಹಿಂದೆ ಓಡಬೇಕು, ಪ್ರಶ್ನೆ ಪಲ್ಲವಿಯಾಗಿಬಿಡುತ್ತದೆ. ಕುಣಿತಕ್ಕೆ ಆ ಬಿಗಿ ಬೇಕು, ಆದ್ದರಿಂದ ಜಾತ್ರೆಯ ಪದಕ್ಕೆ ಅದು ಒಪ್ಪುತ್ತದೆ, ವಿಚಾರಕ್ಕೆ ಒಪ್ಪದು. ವಚನ ಹಾಡುವವರಲ್ಲಿ ಕೇಳುವುದಿಷ್ಟೇ: ಕೀಬೋರ್ಡ್ ಇರಲಿ, ಅದರ ಒಂದು ಸ್ವರವನ್ನು ಶ್ರುತಿಯಂತೆ ಹಿಡಿದಿಡಿ, ರಿದಂ ಗುಂಡಿಯನ್ನು ಮಾತ್ರ ಒತ್ತಬೇಡಿ.