ಹಿತ್ತಲ ಬಾಗಿಲು

ಬೇಸಿಗೆ ರಜಕ್ಕೆ ಮೊಮ್ಮಗಳು ಬೆಂಗಳೂರಿನಿಂದ ಬಂದಿದ್ದಳು. ಆರು ವರ್ಷದ ಹುಡುಗಿ. ನಮ್ಮೂರು ಪಾಂಡವಪುರ ತಾಲ್ಲೂಕಿನಲ್ಲಿ, ವಿಶ್ವೇಶ್ವರಯ್ಯ ನಾಲೆಯ ಮಗ್ಗುಲಲ್ಲಿದೆ. ರಾತ್ರಿ ಊಟವಾದ ಮೇಲೆ ಜಗಲಿಯಲ್ಲಿ ಕುಳಿತು ಅವಳಿಗೆ ಪುಣ್ಯಕೋಟಿಯ ಕಥೆ ಹೇಳಿದೆ. ಹಸು ಕೊಟ್ಟ ಮಾತಿಗೆ ತಪ್ಪದೆ ಹಿಂತಿರುಗಿದ್ದನ್ನು ಕಂಡು ಹುಲಿ ಪ್ರಾಣ ಬಿಟ್ಟಿತು ಎಂಬಲ್ಲಿಗೆ ಬಂದಾಗ ಹುಡುಗಿ ಗಳಗಳನೆ ಅಳತೊಡಗಿದಳು. ಮೂವತ್ತು ವರ್ಷ ಮೇಷ್ಟರಾಗಿದ್ದವನು ನಾನು. ಹಸುವಿಗಾಗಿ, ಕರುವಿಗಾಗಿ ಅಳುವ ಮಕ್ಕಳನ್ನು ಬೇಕಾದಷ್ಟು ನೋಡಿದ್ದೇನೆ. ಹುಲಿಗಾಗಿ ಅತ್ತವಳು ಇವಳೊಬ್ಬಳೇ.

ಅವಳಪ್ಪ ಒಳಗಿನಿಂದ ಬಂದು, "ಅಳಬೇಡ, ಹುಲಿ ಸಾಯದ ಹಾಗೆ ಮಾಡೋಣ" ಎಂದು ತನ್ನ ಮೊಬೈಲಿಗೆ ಎರಡು ಮಾತು ಹೇಳಿದ. ಉಸಿರು ಬಿಡುವಷ್ಟರಲ್ಲಿ ಅದು ಹೊಸ ಮುಕ್ತಾಯವನ್ನು ಓದತೊಡಗಿತು. ಹುಲಿ ಪಶ್ಚಾತ್ತಾಪಪಟ್ಟು, ಕಾಳಿಂಗ ಗೊಲ್ಲನ ದೊಡ್ಡಿ ಕಾಯುವ ಕೆಲಸಕ್ಕೆ ಸೇರಿ, ಕರುವಿನ ಗೆಳೆಯನಾಯಿತಂತೆ. ಹುಡುಗಿ ಕಣ್ಣೊರಸಿಕೊಂಡಳು. ಸ್ವಲ್ಪ ಹೊತ್ತು ಯೋಚಿಸಿ, "ತಾತ, ಆಮೇಲೆ ಹುಲಿ ಏನು ತಿಂತು?" ಎಂದಳು.

ನನಗೆ ಉತ್ತರ ಹೊಳೆಯಲಿಲ್ಲ. ಮೊಬೈಲನ್ನೇ ಕೇಳಿದ್ದಾಯಿತು. ಹಣ್ಣು ತಿನ್ನುವುದನ್ನು ಕಲಿಯಿತು ಎಂದಿತು. "ಹುಲಿ ಹಣ್ಣು ತಿನ್ನಲ್ಲ" ಎಂದಳು. ಹೌದು, ನೀವು ಹೇಳಿದ್ದು ಸರಿ ಎಂದು ಬಹಳ ವಿನಯದಿಂದ ಒಪ್ಪಿಕೊಂಡು ಅದು ಇನ್ನೊಂದು ಮುಕ್ತಾಯ ಕೊಟ್ಟಿತು. ಮತ್ತೊಂದು ಬೇಕೇ ಎಂದೂ ಕೇಳಿತು.

ಕಥೆಯ ದಾರಿ ತಿರುಗಿಸುವ ಯಂತ್ರವೊಂದು ಕಥೆಯಲ್ಲಿ ಮಾತ್ರ ಇರಬಹುದೆಂದುಕೊಂಡಿದ್ದೆ. ಅದು ನಮ್ಮ ಜಗಲಿಗೇ ಬಂದಿದೆ. ಅದು ಮಾಡಿದ್ದು ತಪ್ಪೆಂದು ಥಟ್ಟನೆ ಹೇಳಲು ನನಗೆ ಬಾಯಿ ಬಾರದು. ನಮ್ಮ ನೆರೆಯ ನಾಗಮಂಗಲ ತಾಲ್ಲೂಕಿನ ಬೆಳ್ಳೂರಿನ ಮನೆತನದವರಾದ ಬಿ.ಎಂ. ಶ್ರೀಕಂಠಯ್ಯನವರು 1929ರಲ್ಲಿ 'ಅಶ್ವತ್ಥಾಮನ್' ನಾಟಕವನ್ನು ಕೊಟ್ಟರು. ಗ್ರೀಕ್ ನಾಟಕಕಾರ ಸಾಫೊಕ್ಲಿಸನ 'ಏಜಾಕ್ಸ್' ಅವರ ಮುಂದಿತ್ತು. ಅಲ್ಲಿಯ ವೀರ ತನ್ನನ್ನು ತಾನೇ ಕೊಂದುಕೊಳ್ಳುತ್ತಾನೆ. ಆದ್ದರಿಂದ ಇಲ್ಲಿ ಅಶ್ವತ್ಥಾಮನೂ ಸತ್ತ. ಬೆಳಗಾಗೆದ್ದು ಏಳು ಮಂದಿ ಚಿರಂಜೀವಿಗಳ ಹೆಸರು ಹೇಳುವ ನಾಡಿನಲ್ಲಿ, ಅವರಲ್ಲಿ ಮೊದಲನೆಯವನನ್ನೇ ಸಾಯಿಸುವುದು ಸಣ್ಣ ಎದೆಗಾರಿಕೆಯಲ್ಲ. 1944ರ 'ಶೂದ್ರ ತಪಸ್ವಿ'ಯಲ್ಲಿ ಕುವೆಂಪು, ಶಂಬೂಕನ ಮೇಲೆ ಬೀಳಬೇಕಾದ ರಾಮನ ಅಸ್ತ್ರವನ್ನು ದೂರು ತಂದ ಬ್ರಾಹ್ಮಣನ ಕಡೆಗೇ ತಿರುಗಿಸಿದರು. ಮಾಸ್ತಿಯವರು ಒಪ್ಪಲಿಲ್ಲ. ಕುವೆಂಪು ಉತ್ತರ ಕೊಟ್ಟರು. ಯಾರು ಸರಿ ಎಂಬುದು ಬೇರೆ ಮಾತು (ನಾನಂತೂ ಕುವೆಂಪು ಕಡೆ). ಕೇಳುವವರೊಬ್ಬರಿದ್ದರು, ಉತ್ತರ ಹೇಳುವವರೊಬ್ಬರಿದ್ದರು.

ನಮ್ಮ ಕಡೆ ತೂಬಿಗೆ ನೀರುಗಂಟಿ ಎಂಬವನಿರುತ್ತಾನೆ. ನನ್ನ ಗದ್ದೆಗೆ ಬರಬೇಕಾದ ನೀರನ್ನು ಪಕ್ಕದವನಿಗೆ ತಿರುಗಿಸಿದರೆ, ಅವನ ಮನೆಯ ಮುಂದೆ ನಿಂತು ಕೂಗಾಡಬಹುದು. ಅವನೂ ತಿರುಗಿ ಕೂಗಾಡುತ್ತಾನೆ. ಕೊನೆಗೆ ಏನೋ ಒಂದು ತೀರ್ಮಾನವಾಗುತ್ತದೆ. ಈ ಯಂತ್ರದ ಮನೆ ಎಲ್ಲಿ? ಕೂಗಾಡಿದರೆ ಹೌದು ಎನ್ನುತ್ತದೆ.

2013ರ ಹಿಂದಿ ಚಿತ್ರ 'ರಾಂಝಣಾ'ದ ತಮಿಳು ರೂಪ 'ಅಂಬಿಕಾಪತಿ'ಯನ್ನು 2025ರ ಆಗಸ್ಟ್ 1ರಂದು ಮತ್ತೆ ತೆರೆಗೆ ತಂದರು. ಸಾಯುತ್ತಿದ್ದ ನಾಯಕ ಈ ಸಲ ಬದುಕಿಕೊಂಡ; ಕೃತಕ ಬುದ್ಧಿಮತ್ತೆಯಿಂದ ಮುಕ್ತಾಯವನ್ನು ಬದಲಿಸಿದ್ದರು. ನಿರ್ದೇಶಕ ಆನಂದ್ ಎಲ್. ರೈ, ನಾಯಕ ಧನುಷ್ ಇಬ್ಬರೂ ಬಹಿರಂಗವಾಗಿ ವಿರೋಧಿಸಿದರು. ಚಿತ್ರದ ಹಕ್ಕು ಯಾರದೆಂದು ವಕೀಲರು ಹೇಳಬಲ್ಲರು. ನಾಯಕ ಯಾಕೆ ಸತ್ತ ಎಂದು ಹೇಳಬಲ್ಲವರು ಬೇರೆ ಇದ್ದರು.

ಇಷ್ಟೆಲ್ಲ ಹೇಳುವ ನಾನೇನೂ ಸಾಚಾ ಅಲ್ಲ. ನಮ್ಮಜ್ಜಿ ಹುಟ್ಟಿದ್ದು ಹಳೆಯ ಕನ್ನಂಬಾಡಿಯಲ್ಲಿ. 1911ರಲ್ಲಿ ಕಟ್ಟೆಯ ಕೆಲಸ ಶುರುವಾಗಿ, ಮುಂದೆ ನೀರು ಏರಿದಂತೆ ಊರು ಖಾಲಿಯಾಯಿತು. ವೇಣುಗೋಪಾಲಸ್ವಾಮಿ ಗುಡಿಯೂ ಮುಳುಗಿತು. ಅದನ್ನು ಎಷ್ಟೋ ಕಾಲದ ಮೇಲೆ ಕಲ್ಲು ಕಲ್ಲು ಬಿಚ್ಚಿ ತಂದು ಹೊಸ ಕನ್ನಂಬಾಡಿಯಲ್ಲಿ ಕಟ್ಟಿದರು. ಮುತ್ತಜ್ಜ ಊರು ಬಿಟ್ಟ ಕಥೆಯನ್ನು ನಾನು ತರಗತಿಯಲ್ಲಿ, ಸಭೆಗಳಲ್ಲಿ ಹೇಳುತ್ತಿದ್ದುದು ಹೀಗೆ: ಎಲ್ಲರೂ ಗಾಡಿ ಹತ್ತಿದ ಮೇಲೆ ಅವನು ಮನೆಗೆ ಬೀಗ ಹಾಕಿ, ಬೀಗದ ಕೈಯನ್ನು ಕಾವೇರಿಗೆ ಎಸೆದು, ತಿರುಗಿ ನೋಡದೆ ನಡೆದ. ಕೇಳಿದವರ ಕಣ್ಣು ಒದ್ದೆಯಾಗುತ್ತಿತ್ತು. ಆ ಬೀಗದ ಕೈ ಯಾವಾಗ ಕಥೆಯೊಳಗೆ ಬಂತೋ ನನಗೇ ನೆನಪಿಲ್ಲ. ತಂಗಿಯ ಮದುವೆಯ ಹಿಂದಿನ ದಿನ ನೆಂಟರ ಮುಂದೆ ಹೇಳುತ್ತಿದ್ದಾಗ, ನಡುಮನೆಯಲ್ಲಿದ್ದ ಅಜ್ಜಿಯ ಕಿವಿಗೆ ಬಿತ್ತು.

"ಅದ್ಯಾಕ್ಲಾ ನಮ್ಮಪ್ಪ ಬೀಗದ್ಕೈ ಎಸೀತಾನೆ? ಬಾಗ್ಲನ್ನೇ ಕಿತ್ಕಂಡು ಬಂದವ್ನೆ. ನಿಮ್ಮ ಹಿತ್ಲು ಬಾಗ್ಲು ಎಲ್ಲೀದು ಅಂದ್ಕಂಡಿದ್ದೀಯ? ನಮ್ಮಣ್ಣ ಕೊಟ್ಟದ್ದು ಕನಾ ಅದು."

ಎಲ್ಲರೂ ನಕ್ಕರು, ನಾನೂ ನಕ್ಕೆ. ನಾಚಿಕೆಯಾದದ್ದು ಆಮೇಲೆ. ಮುಳುಗುವ ಮನೆಯ ಬಾಗಿಲು, ತೊಲೆ, ಜಂತೆಗಳನ್ನು ಬಿಚ್ಚಿ ಗಾಡಿಗೆ ಹೇರಿಕೊಂಡು ಬಂದು, ಮತ್ತೆ ಗೋಡೆ ಎಬ್ಬಿಸಿದ ಮನುಷ್ಯನನ್ನು ನಾನು ನಾಟಕದ ರಾಜ ಮಾಡಿಬಿಟ್ಟಿದ್ದೆ. ಅವನ ಇಡೀ ಮಳೆಗಾಲದ ದುಡಿಮೆಯನ್ನು ಅಳಿಸಿ, ನನ್ನ ಕೇಳುಗರ ಕಣ್ಣೀರಿಗೆ ಜಾಗ ಮಾಡಿಕೊಂಡಿದ್ದೆ. ಅಜ್ಜಿ ಇದ್ದಳು, ಹಿಡಿದಳು. ಇಲ್ಲದಿದ್ದರೆ ಬೀಗದ ಕೈಯೇ ನಿಜವಾಗಿ, ನನ್ನ ಮಗನೂ ಅದನ್ನೇ ಹೇಳುತ್ತಿದ್ದ. ಬಾಗಿಲು ಯಾವುದೋ ಹಳೇ ಮರವೆಂದು ಒಲೆಗೆ ಹೋಗುತ್ತಿತ್ತು.

ಮೊಮ್ಮಗಳು ಕೇಳಿದ್ದೂ ಇದೇ ಜಾತಿಯ ಪ್ರಶ್ನೆ ಎಂದು ನನಗನ್ನಿಸುತ್ತದೆ. ಮುಕ್ತಾಯ ಬದಲಾದರೂ ಹುಲಿಯ ಹಸಿವು ಹಾಗೇ ಉಳಿಯುತ್ತದೆ. ಅದಕ್ಕೆ ಯಾರಾದರೂ ಲೆಕ್ಕ ಹೇಳಬೇಕು. ಹಳೆಯ ಕಥೆ ತನ್ನ ರೀತಿಯಲ್ಲಿ ಹೇಳಿತ್ತು. ನಾವು ಬೇರೆ ರೀತಿ ಹೇಳುವುದಾದರೆ, ಹೇಳೋಣ. ಮಗು ಏಳದೆ ಎದುರಿಗೇ ಕುಳಿತಿರುತ್ತದೆ, ಅಷ್ಟೆ.

ಮರುದಿನ ಬೆಳಿಗ್ಗೆ ಅವಳನ್ನು ಹಿತ್ತಲ ಬಾಗಿಲ ಹತ್ತಿರ ಕರೆದುಕೊಂಡು ಹೋಗಿ ಮುತ್ತಜ್ಜನ ಕಥೆ ಹೇಳಿದೆ. ಬೀಗದ ಕೈ ಇಲ್ಲದ ಕಥೆ. ಅವಳು ಬಾಗಿಲ ಬಳೆಯನ್ನು ಎರಡು ಸಲ ಬಡಿದು ನೋಡಿದಳು.

"ಹಂಗಾದ್ರೆ ನೀರೊಳಗಿರೋ ಮನೆಗೆ ಬಾಗಿಲೇ ಇಲ್ವಾ ತಾತ?"

ಇಲ್ಲ ಎಂದೆ.