ವರಲಕ್ಷ್ಮಿ ಇಲ್ಲದ ನಗೆ

ಕಾಮಸಮುದ್ರದಲ್ಲಿ ಬೆಳಗಿನ ರೈಲು ಹತ್ತಿ, ಕೃಷ್ಣರಾಜಪುರದಲ್ಲಿಳಿದು ಮೆಟ್ರೊ ಹಿಡಿಯುವವರ ಕಿವಿಗೆ ತಿದ್ದಿದಂಥ ಕನ್ನಡವೊಂದು ಬೀಳುತ್ತದೆ: ಮುಂದಿನ ನಿಲ್ದಾಣ ಇಂಥದ್ದು. ನಮ್ಮ ಮೆಟ್ರೊದ ದನಿಯೆಂದು ಹೆಸರಾದ ಅಪರ್ಣಾ ತೀರಿಕೊಂಡದ್ದು 2024ರ ಜುಲೈ 11ರಂದು.

2015ರಲ್ಲಿ ಶುರುವಾದ ಸೃಜನ್ ಲೋಕೇಶ್ ಅವರ ಟೀವಿ ಹಾಸ್ಯ ಕಾರ್ಯಕ್ರಮ ‘ಮಜಾ ಟಾಕೀಸ್’ನಲ್ಲಿ ಇದೇ ದನಿ ‘ಒನ್ ಅಂಡ್ ಓನ್ಲಿ’ ವರಲಕ್ಷ್ಮಿಯಾಗಿ ಬಿಂಕ ಮಾಡುತ್ತಿತ್ತು. ಅಚ್ಚುಕಟ್ಟು ನಿರೂಪಕಿಯೆಂದು ಗೌರವ ಗಳಿಸಿದಾಕೆ ತನ್ನನ್ನೇ ಗೇಲಿಗೊಡ್ಡಿಕೊಂಡದ್ದು ಸಣ್ಣ ಮಾತಲ್ಲ. 2025ರಲ್ಲಿ ಕಾರ್ಯಕ್ರಮ ಮತ್ತೆ ಬಂತು. ವರಲಕ್ಷ್ಮಿ ಬರಲಿಲ್ಲ.

ಹಾಗಾದರೆ ನಗೆ ಯಾರ ಸ್ವತ್ತು? ಪಾತ್ರದ್ದೋ, ನಟಿಯದ್ದೋ, ನೋಡುವವನದ್ದೋ?

ನಾಟ್ಯಶಾಸ್ತ್ರದ ಭರತ ನಗೆಯನ್ನು ಸ್ಮಿತದಿಂದ ಅತಿಹಸಿತದವರೆಗೆ ಆರು ಬಗೆ ಮಾಡಿದ. ಕೊನೆಯೆರಡನ್ನು ಅಧಮರಿಗೆ ಬಿಟ್ಟ. (ನಮ್ಮ ಟೀವಿ ಹೆಚ್ಚಾಗಿ ಅಲ್ಲೇ ಠಿಕಾಣಿ ಹೂಡಿದೆ.) ಇಷ್ಟಜನರ ಅಗಲಿಕೆಯನ್ನು ಕರುಣರಸಕ್ಕೆ ಸೇರಿಸಿದ. ಆದರೆ ವರಲಕ್ಷ್ಮಿಯ ಹಳೆಯ ಕಂತು ನೋಡುವವನಿಗೆ ಎರಡೂ ಒಟ್ಟಿಗೇ ಉಕ್ಕುತ್ತವೆ. ಆ ಲೆಕ್ಕ ಶಾಸ್ತ್ರದ ಖಾನೆಗಳಲ್ಲಿ ಕೂರುವುದಿಲ್ಲ.

ಬ್ರಿಟನ್ನಿನ ‘ಮಾಂಟಿ ಪೈಥಾನ್’ ಹಾಸ್ಯ ತಂಡವೂ 1974ರ ಕೊನೆಯ ಟೀವಿ ಸರಣಿಯನ್ನು ತನ್ನ ಸದಸ್ಯ ಜಾನ್ ಕ್ಲೀಸ್ ಇಲ್ಲದೆ ಮಾಡಿತು. ಆರೇ ಕಂತಿಗೆ ನಿಲ್ಲಿಸಿತು. ಆದರೆ ಕ್ಲೀಸ್ ಬೇಸತ್ತು ಹೊರಟವರು, ಮರಳಬಹುದಿತ್ತು. ಸಾವಿನ ಖಾಲಿತನ ಬೇರೆ. ಅದನ್ನು ತುಂಬಲು ಹೋಗದಿರುವುದೇ ಒಂದು ಬಗೆಯ ಪೂಜೆ.

ಸಂಜೆ ಅದೇ ಪ್ರಯಾಣಿಕರು ಮರಳುವ ಗಾಡಿಯಲ್ಲಿ ಮೊಬೈಲಿನಲ್ಲಿ ಆ ಹಳೆಯ ಕಂತುಗಳನ್ನು ಹಾಕಿಕೊಳ್ಳಬಹುದು. ವರಲಕ್ಷ್ಮಿ ಇನ್ನೂ ಅಲ್ಲೇ ಬಿಂಕ ಮಾಡುತ್ತಿದ್ದಾಳೆ.