ಚೋದ್ಯ

ಲಿಸ್ಬನ್ನಿನ ಹೊಳೆದಂಡೆಯ ದೊಡ್ಡ ಚೌಕಕ್ಕೆ ಮೂರೇ ಗೋಡೆ. ಮೂರು ಕಡೆ ಹಳದಿ ಬಣ್ಣದ ಕಮಾನುಸಾಲು, ನಾಲ್ಕನೆಯ ಕಡೆ ತೇಜೊ ನದಿ. ಎರಡು ಕಂಬಗಳ ನಡುವೆ ಕಲ್ಲಿನ ಮೆಟ್ಟಿಲುಗಳು ನೀರಿಗಿಳಿಯುತ್ತವೆ, ನಮ್ಮ ದೇವಸ್ಥಾನದ ಕೆರೆಯ ಮೆಟ್ಟಿಲುಗಳ ಹಾಗೆ. ನದಿಯೆಂದು ಹೆಸರೇ ಹೊರತು ಕಣ್ಣಿಗೆ ಅದು ಕಡಲೇ. ಬೆಳಗಿನ ಎಂಟು ಗಂಟೆಗೆ ಆ ಮೆಟ್ಟಿಲ ಮೇಲೆ ನಿಂತು ಮಾರ್ಗದರ್ಶಿಯ ದಾರಿ ಕಾಯುತ್ತಿದ್ದೆ.

ಆಗಲೇ ಚೌಕದಲ್ಲಿ ಗುಂಪುಗಳು ಸೇರುತ್ತಿದ್ದವು. ಎತ್ತಿ ಹಿಡಿದ ಬಣ್ಣದ ಕೊಡೆಯ ಹಿಂದೆ ಇಪ್ಪತ್ತು ಮೂವತ್ತು ಜನ. ಗುಂಪಿನಲ್ಲಿ ಹೋದರೆ ಬೆರಗಾಗುವುದಕ್ಕೂ ಗಡಿಯಾರ ನೋಡಿಕೊಳ್ಳಬೇಕು. ಕೊಡೆ ಮುಂದೆ ಹೋಯಿತೆಂದರೆ ಬೆರಗನ್ನು ಅಲ್ಲೇ ಬಿಟ್ಟು ಓಡಬೇಕು. ಅದಕ್ಕೇ ಸ್ವಲ್ಪ ಹೆಚ್ಚು ದುಡ್ಡು ಕೊಟ್ಟು ನನ್ನೊಬ್ಬನಿಗೇ ಒಬ್ಬರನ್ನು ಗೊತ್ತುಮಾಡಿಕೊಂಡಿದ್ದೆ.

ಬಂದವರು ಅರವತ್ತು ದಾಟಿದ ಹೆಂಗಸು, ಶಾಲೆಯಲ್ಲಿ ಇತಿಹಾಸ ಕಲಿಸಿ ನಿವೃತ್ತರಾದವರು. ಮೊದಲ ಮಾತೇ ಕಾಲಿನದು. ಇಲ್ಲಿನ ಕಾಲುದಾರಿಗೆ ಬಿಳಿ ಸುಣ್ಣಕಲ್ಲು, ಕರಿ ಬಸಾಲ್ಟು ಚೂರುಗಳನ್ನು ಕೈಯಿಂದಲೇ ಜೋಡಿಸಿರುತ್ತಾರೆ. ವರ್ಷಗಟ್ಟಲೆ ಜನ ನಡೆದೂ ನಡೆದೂ ನುಣುಪಾಗಿವೆ, ಮಳೆ ಬಿದ್ದರೆ ಜಾರುತ್ತದೆ, ಜೋಕೆ ಎಂದರು. ಎರಡನೆಯದು ಪ್ರಶ್ನೆ: "ನಿಮ್ಮದು ಯಾವೂರು?"

ಶಿರಸಿ ಎಂದೆ. ಮುಖದಲ್ಲಿ ಏನೂ ಹೊಳೆಯಲಿಲ್ಲ. ಹೊನ್ನಾವರದ ಬಂದರು ಬಿಟ್ಟು ಘಟ್ಟ ಹತ್ತಿದರೆ ಸಿಗುವ ಊರು ಎಂದೆ. "ಓ, ಒನೋರ್!" ಎಂದರು. ಪೋರ್ಚುಗೀಸರ ಹಳೆಯ ಕಾಗದಪತ್ರಗಳಲ್ಲಿ ಹೊನ್ನಾವರದ ಹೆಸರು ಅದೇ. ಎಂಟು ಸಾವಿರ ಕಿಲೋಮೀಟರಿಗೂ ಮೀರಿದ ದೂರದಲ್ಲಿ, ಗುರುತೇ ಇಲ್ಲದ ಒಬ್ಬರ ಬಾಯಲ್ಲಿ, ನಮ್ಮ ಶರಾವತಿ ಕಡಲು ಸೇರುವ ಊರು ಒಂದು ಅಡ್ಡಹೆಸರು ಇಟ್ಟುಕೊಂಡಿದೆ! ಆ ದಿನದ ಮೊದಲ ಬೆರಗು ಅದು.

"ನೀವು ನಿಂತಿರುವ ಈ ಜಾಗದ ಆಸುಪಾಸಿನಲ್ಲೇ ನಿಮ್ಮ ದೇಶದ ಒಂದು ಪ್ರಾಣಿಯೂ ನಿಂತಿತ್ತು" ಎಂದು ಆಕೆ ಶುರುಮಾಡಿದರು.

1515ರ ಮೇ 20ರಂದು ಲಿಸ್ಬನ್ನಿಗೆ ಬಂದ ಒಂದು ಹಡಗಿನಲ್ಲಿ ಮೆಣಸು ಮಸಾಲೆಯ ಜೊತೆ ಒಂದು ಘೇಂಡಾಮೃಗವಿತ್ತು. ಗುಜರಾತಿನ ಸುಲ್ತಾನ ಪೋರ್ಚುಗೀಸ್ ಗವರ್ನರ್ ಅಲ್ಬುಕರ್ಕನಿಗೆ ಕೊಟ್ಟ ಉಡುಗೊರೆ ಅದು. ಬಿಜಾಪುರದ ಆದಿಲಶಾಹಿಯ ಕೈಯಿಂದ ಐದೇ ವರ್ಷದ ಹಿಂದೆ ಕಿತ್ತುಕೊಂಡಿದ್ದ ಗೋವೆಯಿಂದ ಅಲ್ಬುಕರ್ಕ ಅದನ್ನು ತನ್ನ ದೊರೆ ಮಾನುಯೆಲನಿಗೆ ಕಳಿಸಿದ. ರೋಮನ್ನರ ಕಾಲದ ನಂತರ ಯೂರೋಪು ಕಂಡ ಮೊದಲ ಘೇಂಡಾಮೃಗವೆಂದು ಹೇಳುತ್ತಾರೆ. ಇಲ್ಲಿನವರು ಅದನ್ನು 'ಗಂಡ' ಎಂದು ಕರೆದರು. ನಮ್ಮ 'ಘೇಂಡಾ' ಎಂಬ ಮಾತೇ ಹಡಗು ಹತ್ತಿ ಹೋಗಿತ್ತು. ಆನೆಗೂ ಇದಕ್ಕೂ ಹುಟ್ಟುಹಗೆ ಎಂದು ಹಳೆಯ ರೋಮನ್ ಗ್ರಂಥಗಳಲ್ಲಿ ಇತ್ತು. ನಿಜವೋ ಸುಳ್ಳೋ ನೋಡಿಯೇ ಬಿಡೋಣ ಎಂದು ದೊರೆ ಎರಡನ್ನೂ ಎದುರುಬದುರು ನಿಲ್ಲಿಸಿದ. ಆನೆ ಓಡಿಹೋಯಿತು.

ಸುದ್ದಿ ಜರ್ಮನಿಯ ನ್ಯೂರೆಂಬರ್ಗಿಗೆ ಕಾಗದದಲ್ಲಿ, ಒಂದು ಗೀಚುಚಿತ್ರದಲ್ಲಿ ಹೋಯಿತು. ಅಲ್ಲಿ ಆಲ್ಬ್ರೆಕ್ಟ್ ಡ್ಯೂರರ್ ಎಂಬ ಕಲಾವಿದ, ಪ್ರಾಣಿಯನ್ನು ಕಣ್ಣಾರೆ ಕಾಣದೆಯೇ, ಮರದಚ್ಚಿನಲ್ಲಿ ಚಿತ್ರ ಕೊರೆದ. ಮೈತುಂಬ ಕಬ್ಬಿಣದ ಕವಚದಂಥ ತಗಡುಗಳು, ಹೆಗಲ ಮೇಲೆ ಇಲ್ಲದ ಇನ್ನೊಂದು ಪುಟ್ಟ ಕೊಂಬು. ಆ ಸುಳ್ಳುಕೊಂಬು ಯೂರೋಪಿನ ಪುಸ್ತಕಗಳಲ್ಲಿ ಇನ್ನೂರು ವರ್ಷಕ್ಕೂ ಮೇಲ್ಪಟ್ಟು ಉಳಿಯಿತು. ನಿಜವಾದ ಘೇಂಡಾಮೃಗ ಅಷ್ಟು ಬಾಳಲಿಲ್ಲ. ಪೋಪನಿಗೆ ಕಾಣಿಕೆಯಾಗಿ ಮತ್ತೆ ಹಡಗು ಹತ್ತಿಸಿದರು. 1516ರ ಮೊದಲಲ್ಲಿ ಇಟಲಿಯ ಕರಾವಳಿಯಲ್ಲಿ ಹಡಗು ಮುಳುಗಿತು. ಸರಪಳಿ ಬಿಗಿದಿದ್ದ ಪ್ರಾಣಿ ಈಜಲಾರದೆ ಸತ್ತಿತು.

ಕಥೆ ಕೇಳಿ ನಾನು ಹೊಳೆಯ ಕಡೆ ನೋಡಿದೆ. ಊರಿಗೆ ಊರೇ ಬೆರಗಾಗಿ ನೋಡುತ್ತಿದ್ದಾಗ ಆ ಮೂಕಪ್ರಾಣಿಗೆ ಏನನ್ನಿಸಿರಬೇಕು? ನೋಡುವವರಿಗೆ ಬೆರಗು, ನೋಡಿಸಿಕೊಳ್ಳುವವರಿಗೆ ಸರಪಳಿ. ಬಂದರು ಊರುಗಳು ಕೂಡಿಟ್ಟ ಎಷ್ಟೋ ಬೆರಗಿನ ಬುಡದಲ್ಲಿ ಈ ಲೆಕ್ಕ ಇದ್ದೇ ಇರುತ್ತದೆ.

ಆ ಪ್ರಾಣಿಯನ್ನು ನೋಡಿದ ಅರಮನೆಯೂ ಇಲ್ಲ, ಇಂಡಿಯಾದ ಸರಕಿನ ಲೆಕ್ಕ ಇಡುತ್ತಿದ್ದ 'ಕಾಸಾ ದ ಇಂಡಿಯಾ' ಕಚೇರಿಯೂ ಇಲ್ಲ. 1755ರ ನವೆಂಬರ್ 1, ಸಕಲ ಸಂತರ ಹಬ್ಬದ ಬೆಳಿಗ್ಗೆ, ಜನ ಇಗರ್ಜಿಗಳಲ್ಲಿ ತುಂಬಿದ್ದಾಗ ನೆಲ ನಡುಗಿತು. ಹಚ್ಚಿಟ್ಟ ಮೇಣದ ಬತ್ತಿಗಳು ಉರುಳಿ ಊರಿಗೆ ಬೆಂಕಿ ಹಿಡಿಯಿತು. ಬಯಲಿಗೆ ಹೋದರೆ ಬದುಕಿಕೊಂಡೇವು ಎಂದು ಎಷ್ಟೋ ಜನ ಈ ಹೊಳೆದಂಡೆಗೇ ಓಡಿಬಂದರು. ಬಂದು ನೋಡಿದರೆ ನೀರು ಹಿಂದೆ ಸರಿದು ಹೊಳೆಯ ತಳ ಬರಿದಾಗಿತ್ತು. ಕಾಣಬಾರದ್ದು ಕಂಡಿತ್ತು. ಹಿಂದೆಯೇ ಅಲೆ ಎದ್ದು ಬಂತು.

ಸತ್ತವರು ಹತ್ತಾರು ಸಾವಿರ. ದೇವರ ಕೋಪ ಎಂದರು ಪಾದ್ರಿಗಳು. ಮಂತ್ರಿಯಾಗಿದ್ದ, ಮುಂದೆ ಪೊಂಬಾಲಿನ ಮಾರ್ಕ್ವಿಸ್ ಎನಿಸಿಕೊಂಡವನು ಮಾತ್ರ ಬೇರೆಯೇ ಒಂದು ಕೆಲಸ ಮಾಡಿದ. ದೇಶದ ಊರೂರಿನ ಇಗರ್ಜಿಗಳಿಗೆ ಪ್ರಶ್ನೆಗಳ ಪಟ್ಟಿ ಕಳಿಸಿದ. ನಡುಕ ಎಷ್ಟು ಹೊತ್ತಿಗೆ ಶುರುವಾಯಿತು, ಎಷ್ಟು ಹೊತ್ತು ಇತ್ತು? ಒಂದು ದಿಕ್ಕಿಗಿಂತ ಇನ್ನೊಂದು ದಿಕ್ಕಿನಿಂದ ಜೋರಾಗಿತ್ತೇ? ಕಡಲು ಮೊದಲು ಏರಿತೋ ಇಳಿಯಿತೋ? ನೆಲ ಬಿರಿಯಿತೇ, ಬಿರುಕಿನಲ್ಲಿ ಏನು ಕಂಡಿತು? ಬಂದ ಉತ್ತರಗಳು ಇಂದಿಗೂ ಪೋರ್ಚುಗಲ್ಲಿನ ದಾಖಲೆ ಭಂಡಾರದಲ್ಲಿವೆ. ಭೂಕಂಪದ ಶಾಸ್ತ್ರ ಓದುವವರಿಗೆ ಈಗಲೂ ಬೇಕಾಗುತ್ತವೆ. ಹೊಸದಾಗಿ ಕಟ್ಟಿದ ಬೀದಿಗಳ ಮನೆಗೋಡೆಗಳೊಳಗೆ ಮರದ ಅಡ್ಡಪಟ್ಟಿ, ಓರೆಪಟ್ಟಿಗಳ ಒಂದು ಪಂಜರ ಇಟ್ಟರು. ಮಾದರಿಯೊಂದನ್ನು ಕಟ್ಟಿ, ಸುತ್ತಲೂ ಸೈನಿಕರಿಂದ ದಪದಪನೆ ಹೆಜ್ಜೆ ಹಾಕಿಸಿ, ನೆಲ ಅದುರಿದರೆ ಮನೆ ನಿಲ್ಲುತ್ತದೋ ಎಂದು ಪರೀಕ್ಷಿಸಿದರಂತೆ.

ಆ ನೇರ ಬೀದಿಗಳಲ್ಲೇ ನಡೆದು ರೊಸ್ಸಿಯು ಚೌಕಕ್ಕೆ ಬಂದೆವು. ಅಲ್ಲಿ ನೆಲದ ಕಲ್ಲುಗಳನ್ನು ಕರಿಬಿಳಿ ಅಲೆಗಳಂತೆ ಜೋಡಿಸಿದ್ದಾರೆ. ದಿಟ್ಟಿಸಿ ನೋಡಿದರೆ ಸಪಾಟು ನೆಲದಲ್ಲೂ ಕಾಲು ತೂಗುತ್ತದೆ. ಪಕ್ಕದಲ್ಲೇ ಸಾವೊ ದೊಮಿಂಗುಷ್ ಇಗರ್ಜಿ. ಒಳಗೆ ಹೋದರೆ ಕಂಬಗಳೆಲ್ಲ ಸಿಡಿದು ಬಿರಿದಿವೆ. 1959ರ ಬೆಂಕಿಯ ಗುರುತು. ಅಳಿಸದೆ ಹಾಗೇ ಬಿಟ್ಟಿದ್ದಾರೆ. ಆಕೆ ದನಿ ತಗ್ಗಿಸಿದರು.

1506ರ ಏಪ್ರಿಲ್. ಮಳೆಯಿಲ್ಲ, ಊರಲ್ಲಿ ಪ್ಲೇಗು. ಜನ ಇದೇ ಇಗರ್ಜಿಯಲ್ಲಿ ಪ್ರಾರ್ಥನೆಗೆ ಸೇರಿದ್ದಾಗ ಶಿಲುಬೆಯ ಮೇಲೆ ಏನೋ ಬೆಳಕು ಕಂಡಿತು. ಪವಾಡ ಎಂದು ಜನ ಮೈಮರೆತರು. ಬಲವಂತದಿಂದ ಕ್ರೈಸ್ತನಾದ ಯಹೂದಿಯೊಬ್ಬ, ಅದು ಬತ್ತಿಯ ಬೆಳಕು ಬಿದ್ದದ್ದಿರಬಹುದು ಎಂದ. ಅಷ್ಟೇ ಅವನು ಆಡಿದ್ದು. ಅವನನ್ನು ಎಳೆದು ಬಡಿದು ಕೊಂದರು. ಮುಂದಿನ ಎರಡು ಮೂರು ದಿನ ಊರಲ್ಲಿ ಯಹೂದಿ ಮೂಲದವರನ್ನು ಹುಡುಕಿ ಹುಡುಕಿ ಕೊಂದರು. ಸತ್ತವರು ಎರಡು ಸಾವಿರದವರೆಗೆ ಎನ್ನುತ್ತಾರೆ. ಇಗರ್ಜಿಯ ಎದುರಿನ ಬಯಲಲ್ಲಿ 2008ರಲ್ಲಿ ನೆಟ್ಟ ಒಂದು ಸಣ್ಣ ನೆನಪಿನ ಕಲ್ಲಿದೆ. ಅದರ ಪಕ್ಕದಲ್ಲಿ ಮುದುಕರು ಕೂತು ಹರಟುತ್ತಿದ್ದರು.

ಬೆಲೆಂ ಕಡೆಯ ಟ್ರಾಮಿನಲ್ಲಿ ಕೂತಾಗ ನಾವಿಬ್ಬರೂ ಮಾತಾಡಲಿಲ್ಲ. ನನ್ನ ತಲೆಯಲ್ಲಿ ಒಂದು ಹಳೆಯ ಪದ ಸುತ್ತುತ್ತಿತ್ತು: ಚೋದ್ಯ. ಅಚ್ಚರಿಯ ಸಂಗತಿಗೆ ನಮ್ಮ ಹಿರಿಯರು 'ಇದೇನು ಚೋದ್ಯ' ಎನ್ನುತ್ತಿದ್ದರು. ಅದೇ ಪದಕ್ಕೆ ಪ್ರಶ್ನೆ, ಆಕ್ಷೇಪ ಎಂಬ ಅರ್ಥವೂ ಉಂಟು. ಬೆರಗೂ ಪ್ರಶ್ನೆಯೂ ಒಂದೇ ಪದದಲ್ಲಿ ಯಾಕೆ ಮನೆ ಮಾಡಿವೆಯೆಂದು ನಾನು ಯೋಚಿಸಿದವನಲ್ಲ. ಆ ಬೆಳಿಗ್ಗೆ ಯೋಚಿಸಿದೆ. ಬತ್ತಿಯ ಬೆಳಕಿರಬಹುದು ಎಂದವನೂ ಆ ಬೆಳಕನ್ನು ಉಳಿದವರಷ್ಟೇ ಗಮನವಿಟ್ಟು ನೋಡಿದ್ದ. ಇನ್ನೂ ಹೆಚ್ಚೇ ನೋಡಿದ್ದನೇನೋ, ಅದಕ್ಕೇ ಕೇಳಿದ. ಬೆರಗನ್ನು ಮುಟ್ಟಬೇಡ ಎಂದವರು ಅವನನ್ನು ಕೊಂದರು. ಎರಡೂವರೆ ಶತಮಾನ ಕಳೆದು ಅದೇ ಊರಿನಿಂದ 'ಕಡಲು ಮೊದಲು ಏರಿತೋ ಇಳಿಯಿತೋ' ಎಂಬ ಪ್ರಶ್ನೆ ಹಳ್ಳಿಹಳ್ಳಿಗೆ ಹೋಯಿತು.

ಬೆಲೆಂನ ಜೆರೊನಿಮುಷ್ ಮಠವನ್ನು ಬಣ್ಣಿಸಲು ಹೋಗುವುದಿಲ್ಲ. ಹಡಗಿನ ಹಗ್ಗ, ಹವಳ, ಬಳ್ಳಿ ಎಲ್ಲವನ್ನೂ ಕಲ್ಲಿನಲ್ಲಿ ಹೆಣೆದಿದ್ದಾರೆ. ಬೇಲೂರು ಕಂಡ ಕಣ್ಣು ಕೂಡ ಅಲ್ಲಿ ಒಂದು ಗಳಿಗೆ ರೆಪ್ಪೆ ಹೊಡೆಯುವುದಿಲ್ಲ. ಕೆಲಸ 1501ರ ಸುಮಾರಿಗೆ ಶುರುವಾಯಿತು. ನೂರು ವರ್ಷದಷ್ಟು ನಡೆಯಿತು. ದುಡ್ಡು ಬಂದದ್ದು ಆಫ್ರಿಕಾ ಮತ್ತು ಪೂರ್ವದೇಶಗಳ ವ್ಯಾಪಾರದ ಮೇಲೆ ಹಾಕಿದ ನೂರಕ್ಕೆ ಐದರ ತೆರಿಗೆಯಿಂದ. ಆ ತೆರಿಗೆಯ ಹೆಸರು 'ವಿಂತೇನಾ ದ ಪಿಮೆಂತಾ', ಮೆಣಸಿನ ಇಪ್ಪತ್ತನೇ ಪಾಲು. ಬಾಗಿಲ ಹತ್ತಿರವೇ ವಾಸ್ಕೋ ಡ ಗಾಮನ ಸಮಾಧಿ. 1498ರಲ್ಲಿ ಮರಳುವ ದಾರಿಯಲ್ಲಿ ನಮ್ಮ ಕಾರವಾರದ ಹತ್ತಿರದ ಅಂಜದೀವದಲ್ಲಿ ಹಡಗು ರಿಪೇರಿ ಮಾಡಿಸಿಕೊಂಡವನು. 1502ರಲ್ಲಿ ಎರಡನೆಯ ಸಲ ಬಂದಾಗ ಹೊನ್ನಾವರ, ಭಟ್ಕಳದ ಜನರಿಗೆ ತೋಪಿನ ಬಾಯಿ ತೋರಿಸಿದವನು. ಹಜ್ ಮುಗಿಸಿ ಮರಳುತ್ತಿದ್ದ ನೂರಾರು ಜನರನ್ನು ಹಡಗಿನ ಸಮೇತ ಸುಟ್ಟವನು. ಈಗ ಬಿಳಿಗಲ್ಲಿನಲ್ಲಿ ಕೈಮುಗಿದು ಮಲಗಿದ್ದಾನೆ. ಮುಂದೆ ನಮ್ಮ ಗೇರುಸೊಪ್ಪೆಯ ಚೆನ್ನಭೈರಾದೇವಿಯನ್ನು 'ಮೆಣಸಿನ ರಾಣಿ' ಎಂದು ಕರೆದವರೂ ಇವನ ಹಿಂದೆ ಬಂದವರೇ.

ಹೊರಗೆ ಬಂದು ಕಟ್ಟೆಯ ಮೇಲೆ ಕೂತಾಗ ಆಕೆ ಕೇಳಿದರು: "ನಲವತ್ತು ವರ್ಷದಿಂದ ಮಕ್ಕಳಿಗೂ ಪ್ರವಾಸಿಗರಿಗೂ ಈ ಮೆಣಸಿನ ಕಥೆ ಹೇಳಿದ್ದೇನೆ. ಮೆಣಸಿನ ಗಿಡ ನೋಡಿಲ್ಲ. ಹೇಗಿರುತ್ತದೆ?"

ನನ್ನ ಸರದಿ ಬಂತು. ಗಿಡವಲ್ಲ ಬಳ್ಳಿ, ಅಡಿಕೆ ಮರ ತಬ್ಬಿಕೊಂಡು ಏರುತ್ತದೆ ಎಂದೆ. ಎಲೆ ವೀಳ್ಯದೆಲೆಯ ಹಾಗೆ, ಎರಡೂ ಒಂದೇ ಕುಲ. ಕಾಳು ಹಸಿರಾಗಿರುತ್ತದೆ, ಅಂಗಳದ ಬಿಸಿಲಿಗೆ ಸುಕ್ಕುಗಟ್ಟಿ ಕಪ್ಪಾಗುತ್ತದೆ. ಒಣಹಾಕಿದ ದಿನ ಮನೆಯೆಲ್ಲ ಘಾಟು. ನೀವು ಅಮೆರಿಕದಿಂದ ಹಡಗಿನಲ್ಲಿ ತಂದ ಖಾರದ ಕಾಯಿಗೂ ನಾವು ಆ ಹೆಸರನ್ನೇ ಕೊಟ್ಟು ಮೆಣಸಿನಕಾಯಿ ಎಂದೆವು ಎಂದಾಗ ಆಕೆ ಜೋರಾಗಿ ನಕ್ಕರು. ಕಣ್ಣರಳಿಸಿ ಕೇಳುತ್ತಿದ್ದರು, ಮಗುವಿನ ಹಾಗೆ. ಬೆಳಗಿನಿಂದ ನಾನು ಕೇಳುತ್ತಿದ್ದುದೂ ಹೀಗೇ ಇರಬೇಕು.

"ಹೂವು ಯಾವ ಬಣ್ಣ?"

ನನ್ನ ಬಾಯಿ ಕಟ್ಟಿತು. ಹುಟ್ಟಿದಾಗಿನಿಂದ ನೋಡಿದ ಬಳ್ಳಿ. ಬುಡಕ್ಕೆ ಸೊಪ್ಪು ಹಾಕಿದ್ದೇನೆ, ಕಾಳು ತೂಗಿ ಸೊಸೈಟಿಗೆ ಕೊಟ್ಟಿದ್ದೇನೆ, ಕ್ವಿಂಟಲಿನ ದರ ದಿನಾ ನೋಡುತ್ತೇನೆ. ಹೂವು ಗೊತ್ತಿಲ್ಲ. ಆಕೆ ಇನ್ನೊಂದು ಕೇಳಿದರು. ಕೊಂಡವನ ಹೆಸರಿದೆ, ಹಡಗಿನವನ ಹೆಸರಿದೆ, ತೆರಿಗೆ ಹಾಕಿದವನ ಹೆಸರಿದೆ, ಕೊಯ್ದವರು ಯಾರು? ಅದಕ್ಕೂ ನಾನು ಸುಮ್ಮನಿದ್ದೆ.

ಕೊನೆಗೆ ಬೆಲೆಂ ಗೋಪುರದ ಹತ್ತಿರ ಕರೆದೊಯ್ದರು. ಕಾವಲುಗೂಡೊಂದರ ಬುಡದಲ್ಲಿ, ಬೆರಳು ತೋರಿಸದಿದ್ದರೆ ಕಾಣದ ಹಾಗೆ, ಘೇಂಡಾಮೃಗದ ತಲೆ ಕೆತ್ತಿದ್ದಾರೆ. ಐನೂರು ವರ್ಷದ ಉಪ್ಪುಗಾಳಿಗೆ ಕೊಂಬು ಸವೆದಿದೆ. ನೋಡಿ ಸುಮ್ಮನೆ ನಿಂತೆವು. ಅಷ್ಟಕ್ಕೆ ಆ ದಿನದ ನಡಿಗೆ ಮುಗಿಯಿತು.

ಊರಿಗೆ ಬಂದಾಗ ಮಳೆಗಾಲ ಹಿಡಿದಿತ್ತು. ಮರುದಿನವೇ ಕೊಡೆ ಹಿಡಿದು ತೋಟಕ್ಕೆ ಹೋದೆ. ಪ್ರತಿವರ್ಷ ಏಣಿ ಹಾಕಿ ನಮ್ಮ ಮೆಣಸು ಕೊಯ್ಯುವವರು ಅಲ್ಲೇ ಬಸಿಗಾಲುವೆ ಬಿಡಿಸುತ್ತಿದ್ದರು. ಅವರ ಅಪ್ಪನೂ ನಮ್ಮ ತೋಟದಲ್ಲಿ ಕೊಯ್ದವರೇ. ಮೆಣಸಿನ ಹೂವು ಯಾವುದು ತೋರಿಸಿ ಎಂದೆ. ಅವರು ಗುದ್ದಲಿ ಊರಿ ನನ್ನನ್ನು ಒಮ್ಮೆ ನೋಡಿದರು. ಎಲೆ ಸರಿಸಿ, ಬಾಲದಂತೆ ಜೋತ ಎಳೆ ತೆನೆಯೊಂದನ್ನು ಅಂಗೈ ಮೇಲೆ ಇಟ್ಟು ತೋರಿಸಿದರು. ಅದರ ಮೈತುಂಬ ಸಾಸಿವೆಗಿಂತ ಸಣ್ಣ ಚುಕ್ಕಿಗಳು, ತಿಳಿಹಸಿರು, ಸ್ವಲ್ಪ ಹಳದಿ.

"ಇದೇಯ ಹೂವು, ಹೆಗಡೇರೇ. ಈಗ ಮಳೆ ತಪ್ಪಬಾರದು. ತಪ್ಪಿದ್ರೆ ಕಾಳು ಕಟ್ಟೂದಿಲ್ಲ."

ಎಸಳು ಎಲ್ಲಿ ಎಂದು ಬಗ್ಗಿ ನೋಡಿದೆ. ಮೆಣಸಿನ ಹೂವಿಗೆ ಎಸಳಿಲ್ಲ.